ಕ್ಯಾಮರಾದ ಹಿಂದಿನ ಫಾಲ್ಕೆ

ಧುಂಡಿರಾಜ್ ಗೋವಿಂದ ಫಾಲ್ಕೆ ಸಿನಿಮಾಕ್ಕೆ ಬಂದದ್ದು ನಲವತ್ತು ದಾಟಿದ ಮೇಲೆ. ಅದಕ್ಕೆ ಮುಂಚಿನ ಇಪ್ಪತ್ತು ವರ್ಷ ಅವರು ಮಾಡಿದ್ದೆಲ್ಲ ಚಿತ್ರ ತೆಗೆಯುವ, ತೊಳೆಯುವ, ಅಚ್ಚು ಹಾಕುವ ಕೆಲಸ. ದಾದಾಸಾಹೇಬ್ ಎಂಬ ಹೆಸರಿನ ಸುತ್ತ ಈಗ 'ಚಿತ್ರರಂಗದ ಪಿತಾಮಹ' ಎಂಬ ಬಿರುದು ಗಟ್ಟಿಯಾಗಿ ಕೂತಿರುವುದರಿಂದ ಅವರ ಈ ಹಳೆಯ ಕಸುಬು ಮರೆಗೆ ಸರಿದಿದೆ. ಅವರ 1913ರ ಚಿತ್ರ 'ರಾಜಾ ಹರಿಶ್ಚಂದ್ರ' ಹೇಗೆ ಸಾಧ್ಯವಾಯಿತು, ಅದಕ್ಕೆ ಮುಂಚೆ ಕ್ಯಾಮರಾ ಹಿಡಿದವರಿಗೆ ಆಗದ್ದು ಫಾಲ್ಕೆಗೆ ಏಕೆ ಆಯಿತು ಎಂಬುದಕ್ಕೆ ಉತ್ತರ ಮಾತ್ರ ಆ ಕಸುಬಿನಲ್ಲೇ ಇದೆ.

ಫಾಲ್ಕೆ ಹುಟ್ಟಿದ್ದು 1870ರ ಏಪ್ರಿಲ್ 30ರಂದು, ನಾಸಿಕ್‌ನಿಂದ ಸುಮಾರು 30 ಕಿಲೋಮೀಟರ್ ದೂರದ ತ್ರ್ಯಂಬಕೇಶ್ವರದಲ್ಲಿ. ಗೋದಾವರಿ ಹುಟ್ಟುವ ಬ್ರಹ್ಮಗಿರಿಯ ಬುಡದಲ್ಲಿರುವ ಈ ಊರು ಹನ್ನೆರಡು ಜ್ಯೋತಿರ್ಲಿಂಗಗಳಲ್ಲಿ ಒಂದರ ಕ್ಷೇತ್ರ. ತಂದೆ ಗೋವಿಂದ ಸದಾಶಿವ ಫಾಲ್ಕೆ ದಾಜಿಶಾಸ್ತ್ರಿ ಎಂದು ಹೆಸರಾದ ಸಂಸ್ಕೃತ ವಿದ್ವಾಂಸರು, ತಾಯಿ ದ್ವಾರಕಾಬಾಯಿ. ಮನೆಯಲ್ಲಿ ವೈದಿಕ ಸಂಪ್ರದಾಯ. ಪುರಾಣ, ರಾಮಾಯಣ, ಮಹಾಭಾರತಗಳು ಮಗುವಿನ ಕಿವಿಗೆ ಮಾತಿನ ಜೊತೆಗೇ ಬಿದ್ದವು. ತಂದೆಗೆ ಮುಂಬೈನ ವಿಲ್ಸನ್ ಕಾಲೇಜಿನಲ್ಲಿ ಸಂಸ್ಕೃತ ಅಧ್ಯಾಪಕರ ಕೆಲಸ ಸಿಕ್ಕಿದಾಗ ಸಂಸಾರ ಅಲ್ಲಿಗೆ ಹೋಯಿತು.

1885ರಲ್ಲಿ ಹುಡುಗ ಮುಂಬೈನ ಸರ್ ಜೆ.ಜೆ. ಕಲಾಶಾಲೆ ಸೇರಿ ರೇಖಾಚಿತ್ರ ಕಲಿತ. ಮರುವರ್ಷ ಅಣ್ಣ ಶಿವರಾಮಪಂತರ ಜೊತೆ ಬರೋಡಾಕ್ಕೆ ಹೋಗಿ, ಮುಂದೆ ಅಲ್ಲಿನ ಕಲಾಭವನದಲ್ಲಿ ತೈಲವರ್ಣ, ಜಲವರ್ಣಗಳ ಜೊತೆಗೆ ವಾಸ್ತುಶಿಲ್ಪ ಮತ್ತು ಮಾದರಿ ತಯಾರಿಕೆಯನ್ನೂ ಅಭ್ಯಾಸ ಮಾಡಿದರು. ಸಯಾಜಿರಾವ್ ಗಾಯಕವಾಡರ ಆಶ್ರಯದಲ್ಲಿದ್ದ ಈ ಶಾಲೆ ಚಿತ್ರಕಲೆಯನ್ನೂ ಕೈಗಾರಿಕೆಯನ್ನೂ ಬೇರೆ ಮಾಡದೆ ಒಟ್ಟಿಗೇ ಕಲಿಸುತ್ತಿತ್ತು. ಫಾಲ್ಕೆ ಅವರ ಅದೃಷ್ಟವೆಂದರೆ ಅಲ್ಲಿದ್ದ ರಸಾಯನಶಾಸ್ತ್ರಜ್ಞ ಪ್ರೊ. ಟಿ.ಕೆ. ಗಜ್ಜರ್. ಫಾಲ್ಕೆ 1890ರಲ್ಲಿ ಒಂದು ಫೋಟೋ ಕ್ಯಾಮರಾ ಕೊಂಡು ಪ್ರಯೋಗಕ್ಕೆ ಇಳಿದಾಗ ಗಜ್ಜರ್ ಶಾಲೆಯ ಸ್ಟುಡಿಯೋವನ್ನೂ ಪ್ರಯೋಗಾಲಯವನ್ನೂ ಅವರಿಗೆ ಬಿಟ್ಟುಕೊಟ್ಟರು. ಅಷ್ಟಕ್ಕೇ ನಿಲ್ಲದೆ ಮೂರು ಬಣ್ಣದ ಬ್ಲಾಕ್ ತಯಾರಿಕೆ, ಫೋಟೋ-ಲಿಥೋ, ಕತ್ತಲೆ ಕೋಣೆಯ ಕೆಲಸ ಕಲಿಯಲೆಂದು ರತ್ಲಾಮ್‌ಗೂ ಕಳುಹಿಸಿದರು. 1892ರ ಅಹಮದಾಬಾದ್ ಕೈಗಾರಿಕಾ ಪ್ರದರ್ಶನದಲ್ಲಿ ಫಾಲ್ಕೆ ಮಾಡಿದ ಆದರ್ಶ ರಂಗಮಂದಿರದ ಮಾದರಿಗೆ ಚಿನ್ನದ ಪದಕ ಬಂತು. ಮುಂದೆ ಸೆಟ್ಟು, ಕ್ಯಾಮರಾ, ನೆಗೆಟಿವ್, ಪ್ರಿಂಟು ಎಲ್ಲವನ್ನೂ ಒಬ್ಬರೇ ನೋಡಿಕೊಳ್ಳುವ ಶಕ್ತಿಯ ಬೇರು ಬರೋಡಾದ ಈ ವರ್ಷಗಳಲ್ಲಿದೆ.

ಕಲಿತ ವಿದ್ಯೆ ಹೊಟ್ಟೆ ತುಂಬಿಸುವುದು ಬೇರೆಯೇ ಮಾತು. ಗೋಧ್ರಾದಲ್ಲಿ ಫೋಟೋ ಸ್ಟುಡಿಯೋ ತೆರೆದರು. 1900ರ ಪ್ಲೇಗ್ ಅಲ್ಲಿ ಹೆಂಡತಿಯನ್ನೂ ಮಗುವನ್ನೂ ತೆಗೆದುಕೊಂಡು ಹೋಯಿತು. ಬರೋಡಾಕ್ಕೆ ಮರಳಿ ಮತ್ತೆ ಸ್ಟುಡಿಯೋ ತೆರೆದರೆ, ಕ್ಯಾಮರಾ ಮುಂದೆ ಕೂತವರ ಜೀವಸತ್ವವನ್ನು ಅದು ಹೀರಿಕೊಳ್ಳುತ್ತದೆ ಎಂಬ ನಂಬಿಕೆ ಗಿರಾಕಿಗಳನ್ನು ದೂರವಿಟ್ಟಿತು. ನಾಟಕ ಕಂಪನಿಗಳಿಗೆ ಪರದೆ ಬರೆದುಕೊಟ್ಟರು. ಊರಿಗೆ ಬಂದ ಜರ್ಮನ್ ಜಾದೂಗಾರನೊಬ್ಬನಿಂದ ಕೈಚಳಕ ಕಲಿತು, ತಮ್ಮ ಹೆಸರನ್ನೇ ತಿರುಗಿಸಿ 'ಪ್ರೊಫೆಸರ್ ಕೆಲ್ಫಾ' ಎಂದು ಪ್ರದರ್ಶನ ಕೊಟ್ಟರು. ಚರಿತ್ರೆ ಬರೆಯುವವರು ಈ ಜಾದೂ ಅಧ್ಯಾಯವನ್ನು ಒಂದು ತಮಾಷೆಯಾಗಿ ದಾಟಿಬಿಡುವುದುಂಟು. ಆದರೆ ನೋಡುಗನ ಕಣ್ಣು ಎಲ್ಲಿ ನೋಡುತ್ತದೆ, ಎಲ್ಲಿ ನೋಡುವುದಿಲ್ಲ ಎಂಬ ಲೆಕ್ಕ ಅವರಿಗೆ ತಿಳಿದದ್ದು ಅಲ್ಲಿಯೇ. 1902ರಲ್ಲಿ ಕಿರ್ಲೋಸ್ಕರ್ ನಾಟಕ ಮಂಡಳಿಯ ನಂಟಿನ ಕರಂದೀಕರ್ ಮನೆತನದ ಗಿರಿಜಾರನ್ನು ಮದುವೆಯಾದರು. ಸರಸ್ವತಿಬಾಯಿ ಎಂದು ಹೆಸರು ಬದಲಾದ ಈ ಮಹಿಳೆಯ ಪಾತ್ರ ಮುಂದಿನ ಕಥೆಯಲ್ಲಿ ಚಿಕ್ಕದಲ್ಲ.

1903ರಲ್ಲಿ ಪುರಾತತ್ವ ಇಲಾಖೆಯಲ್ಲಿ ಛಾಯಾಗ್ರಾಹಕ ಮತ್ತು ನಕ್ಷೆಗಾರನ ಕೆಲಸ ಸಿಕ್ಕಿತು. ಸಂಬಳದ ನೌಕರಿ ಅವರಿಗೆ ಒಗ್ಗಲಿಲ್ಲ. 1906ರ ಹೊತ್ತಿಗೆ ಬಿಟ್ಟು ಲೋನಾವಳದಲ್ಲಿ ಎನ್‌ಗ್ರೇವಿಂಗ್ ಮತ್ತು ಮುದ್ರಣದ ಕಾರ್ಖಾನೆ ಶುರು ಮಾಡಿದರು. ಮನೆಮನೆಯ ದೇವರ ಕೋಣೆಗೆ ಲಕ್ಷ್ಮಿ, ಸರಸ್ವತಿಯರನ್ನು ತಂದುಕೊಟ್ಟ ರವಿವರ್ಮ ಪ್ರೆಸ್ಸಿಗೆ ಅವರು ಫೋಟೋ-ಲಿಥೋ ಕೆಲಸ ಮಾಡಿಕೊಡುತ್ತಿದ್ದರು. ರವಿವರ್ಮನ ದೇವತೆಗಳ ನಿಲುವು, ಸೀರೆಯ ನೆರಿಗೆ, ಹಿಂದಿನ ಕಂಬ-ಕಮಾನುಗಳೆಲ್ಲ ಅವರ ಕೈಯಲ್ಲಿ ಕಲ್ಲಿನ ಮೇಲೆ ಮೂಡಿ ಕಾಗದಕ್ಕೆ ಇಳಿದವು. 'ರಾಜಾ ಹರಿಶ್ಚಂದ್ರ'ದ ಮೊದಲ ದೃಶ್ಯದಲ್ಲಿ ರಾಜ, ರಾಣಿ, ರಾಜಕುಮಾರ ನಿಂತಿರುವ ಭಂಗಿ ನೋಡಿದರೆ ಆ ಕ್ಯಾಲೆಂಡರ್ ಚಿತ್ರಗಳ ಗುರುತು ತಪ್ಪುವುದಿಲ್ಲ. ಪ್ರೆಸ್ಸು 'ಲಕ್ಷ್ಮಿ ಆರ್ಟ್ ಪ್ರಿಂಟಿಂಗ್ ವರ್ಕ್ಸ್' ಎಂಬ ಹೆಸರಿನಲ್ಲಿ ಮುಂಬೈನ ದಾದರ್‌ಗೆ ಬಂತು. 1909ರಲ್ಲಿ ಬಣ್ಣದ ಮುದ್ರಣದ ಯಂತ್ರ ತರಲು ಫಾಲ್ಕೆ ಜರ್ಮನಿಗೂ ಹೋಗಿಬಂದರು. ಪಾಲುದಾರರೊಡನೆ ಮನಸ್ತಾಪವಾಗಿ, ಒಳ್ಳೆಯ ಲಾಭದಲ್ಲಿದ್ದ ಆ ಉದ್ಯಮದಿಂದ ಬರಿಗೈಯಲ್ಲಿ ಹೊರಬಂದರು. ಪಾಲುದಾರರ ಜೊತೆಗಿನ ಜಗಳ ಅವರ ಬದುಕಿನಲ್ಲಿ ಮತ್ತೆ ಮತ್ತೆ ಬರುತ್ತದೆ.

1911ರ ಸುಮಾರಿನಲ್ಲಿ ಗಿರಗಾಂವ್‌ನ ಡೇರೆ ಚಿತ್ರಮಂದಿರದಲ್ಲಿ ಕ್ರಿಸ್ತನ ಜೀವನದ ಮೂಕಿ ಚಿತ್ರವೊಂದನ್ನು ಫಾಲ್ಕೆ ನೋಡಿದರು. ತೆರೆಯ ಮೇಲೆ ಕ್ರಿಸ್ತ ಸರಿಯುತ್ತಿರುವಾಗ ತಮ್ಮ ಮನಸ್ಸಿನಲ್ಲಿ ಕೃಷ್ಣ, ರಾಮ, ಗೋಕುಲ, ಅಯೋಧ್ಯೆ ಸರಿಯುತ್ತಿದ್ದವು ಎಂದು 1917ರಲ್ಲಿ 'ನವಯುಗ' ಪತ್ರಿಕೆಗೆ ಬರೆದ ಮರಾಠಿ ಲೇಖನಮಾಲೆಯಲ್ಲಿ ಅವರೇ ನೆನಪಿಸಿಕೊಂಡಿದ್ದಾರೆ. ಈ ಪ್ರಸಂಗ ಬಹಳ ಪ್ರಸಿದ್ಧ. ಅದರ ಮುಂದಿನ ತಿಂಗಳುಗಳು ಅಷ್ಟು ಪ್ರಸಿದ್ಧವಲ್ಲ, ಆದರೆ ಹೆಚ್ಚು ಮುಖ್ಯ. ಫಾಲ್ಕೆ ಸಿಕ್ಕಿದ ಚಿತ್ರವನ್ನೆಲ್ಲ ನೋಡಿದರು, ಯುರೋಪಿನಿಂದ ಪುಸ್ತಕ, ಬೆಲೆಪಟ್ಟಿ ತರಿಸಿದರು, ಒಂದು ಅಗ್ಗದ ಪ್ರೊಜೆಕ್ಟರ್ ಕೊಂಡು ರಾತ್ರಿಯೆಲ್ಲ ಮನೆಯ ಗೋಡೆಯ ಮೇಲೆ ರೀಲು ಓಡಿಸಿ ಒಂದೊಂದು ಚೌಕಟ್ಟನ್ನೂ ಪರೀಕ್ಷಿಸಿದರು. ನಿದ್ದೆಗೆಟ್ಟು ಕಣ್ಣು ಮಂಜಾಗಿ ಕೆಲಕಾಲ ದೃಷ್ಟಿಯೇ ಹೋದಂತಾಯಿತು. ನೇತ್ರವೈದ್ಯ ಡಾ. ಪ್ರಭಾಕರ್ ಅವರ ಚಿಕಿತ್ಸೆಯಿಂದ, ಮೂರು-ನಾಲ್ಕು ಕನ್ನಡಕಗಳ ನೆರವಿನಿಂದ ಅದು ಮರಳಿತು.

1912ರ ಫೆಬ್ರವರಿಯಲ್ಲಿ ಜೀವವಿಮೆ ಪಾಲಿಸಿಗಳನ್ನು ಅಡವಿಟ್ಟ ದುಡ್ಡಿನಲ್ಲಿ ಲಂಡನ್ನಿಗೆ ಹಡಗು ಹತ್ತಿದರು. ಅಲ್ಲಿ ಚಿತ್ರೋದ್ಯಮದ ವಾರಪತ್ರಿಕೆ 'ಬಯಾಸ್ಕೋಪ್'ನ ಕಚೇರಿಗೆ ನೇರವಾಗಿ ಹೋದರು. ಭಾರತದ ಹವೆಯಲ್ಲಿ ಈ ಸಾಹಸ ಬೇಡವೆಂದು ಸಂಪಾದಕರು ಮೊದಲು ಬುದ್ಧಿ ಹೇಳಿದರೂ, ಹಟ ಕಂಡು ವಾಲ್ಟನ್‌ನಲ್ಲಿದ್ದ ಸೆಸಿಲ್ ಹೆಪ್‌ವರ್ತ್ ಅವರ ಸ್ಟುಡಿಯೋಗೆ ಪರಿಚಯ ಮಾಡಿಸಿದರು. ಹೆಪ್‌ವರ್ತ್ ಸ್ಟುಡಿಯೋದ ಎಲ್ಲ ವಿಭಾಗಗಳನ್ನೂ ತೆರೆದು ತೋರಿಸಿದರು. ಫಾಲ್ಕೆ ಲಂಡನ್ನಿನಲ್ಲಿ ಇದ್ದದ್ದು ಕೆಲವೇ ವಾರ. ಹೊಸಬನಿಗೆ ಅಷ್ಟರಲ್ಲಿ ಏನೂ ಹತ್ತುತ್ತಿರಲಿಲ್ಲ. ಆದರೆ ನೆಗೆಟಿವ್ ಎಂದರೇನು, ಡೆವಲಪರ್ ಎಷ್ಟು ಬಿಸಿಯಿರಬೇಕು, ಮಸೂರದ ಕಿಂಡಿ ಎಷ್ಟು ತೆರೆಯಬೇಕು ಎಂಬುದನ್ನೆಲ್ಲ ಇಪ್ಪತ್ತು ವರ್ಷ ಮಾಡಿ ಕೈ ಪಳಗಿದವರಿಗೆ ಉಳಿದಿದ್ದ ಹೊಸ ಸಂಗತಿ ಚಲನೆ ಒಂದೇ. 50 ಪೌಂಡ್ ಕೊಟ್ಟು ವಿಲಿಯಮ್ಸನ್ ಕ್ಯಾಮರಾ ಕೊಂಡರು, ಫಿಲಂಗೆ ರಂಧ್ರ ಹೊಡೆಯುವ ಯಂತ್ರ ಮತ್ತು ಕೊಡಾಕ್ ಕಚ್ಚಾ ಫಿಲಂಗೆ ಆರ್ಡರ್ ಕೊಟ್ಟು ಏಪ್ರಿಲ್ 1ರಂದು ಮುಂಬೈಗೆ ಮರಳಿದರು.

ಆ ಕಾಲದ ಕ್ಯಾಮರಾ ಮರದ ಪೆಟ್ಟಿಗೆ. ಬದಿಯಲ್ಲಿ ಹಿಡಿ; ಅದನ್ನು ಕೈಯಿಂದ ತಿರುಗಿಸಬೇಕು. ಸೆಕೆಂಡಿಗೆ ಎರಡು ಸುತ್ತು ತಿರುಗಿಸಿದರೆ ಸುಮಾರು 16 ಚೌಕಟ್ಟು ಮಸೂರದ ಮುಂದೆ ಹಾದುಹೋಗುತ್ತವೆ. 35 ಮಿ.ಮೀ. ಫಿಲಂನಲ್ಲಿ ಒಂದು ಅಡಿಗೆ 16 ಚೌಕಟ್ಟು, ಅಂದರೆ ಸೆಕೆಂಡಿಗೆ ಒಂದು ಅಡಿ ಫಿಲಂ. ಮೋಟಾರಿಲ್ಲ, ಮೀಟರಿಲ್ಲ, ಬೆಳಕಿನ ಅಳತೆಗೆ ಕಣ್ಣೇ ಗತಿ, ವೇಗದ ಅಳತೆಗೆ ಮಣಿಕಟ್ಟು. ಕೈ ನಿಧಾನವಾದರೆ ತೆರೆಯ ಮೇಲೆ ಜನ ಓಡುತ್ತಾರೆ, ಜೋರಾದರೆ ತೇಲುತ್ತಾರೆ. ಆಗಿನ ಫಿಲಂ ಕೆಂಪು ಬಣ್ಣವನ್ನು ಕಾಣುತ್ತಿರಲಿಲ್ಲ. ಕುಂಕುಮ, ಕೆಂಪು ಸೀರೆ, ತುಟಿ ಎಲ್ಲ ಕಪ್ಪಾಗಿ, ನೀಲಿ ಆಕಾಶ ಬಿಳಿಯಾಗಿ ಬೀಳುತ್ತಿತ್ತು. ಆದ್ದರಿಂದ ಉಡುಪು, ಮುಖದ ಬಣ್ಣ, ಪರದೆ ಎಲ್ಲವನ್ನೂ ಕಪ್ಪು-ಬಿಳುಪಿನ ಲೆಕ್ಕದಲ್ಲಿ ಆರಿಸಬೇಕಿತ್ತು. ಬ್ಲಾಕ್ ತಯಾರಿಕೆಯಲ್ಲಿ ಬಣ್ಣ ಬೇರ್ಪಡಿಸಿ ಅಭ್ಯಾಸವಿದ್ದ ಫಾಲ್ಕೆಗೆ ಇದು ಹಳೆಯ ಪಾಠ.

ಕಚ್ಚಾ ಫಿಲಂ ಬರುತ್ತಿದ್ದುದು ರಂಧ್ರವಿಲ್ಲದೆ. ಕತ್ತಲೆ ಕೋಣೆಯಲ್ಲಿ ಕೂತು ಅದರ ಅಂಚುಗಳಿಗೆ ಯಂತ್ರದಿಂದ ರಂಧ್ರ ಹೊಡೆಯುವ ಕೆಲಸ ಸರಸ್ವತಿಬಾಯಿಯವರದು. ಫಿಲಂ ತೊಳೆಯುವುದನ್ನೂ ಜೋಡಿಸುವುದನ್ನೂ ಅವರು ಕಲಿತರು. ಇಡೀ ತಂಡಕ್ಕೆ ಅಡುಗೆಯನ್ನೂ ಅವರೇ ಮಾಡುತ್ತಿದ್ದರು, ಒಡವೆಗಳು ಬಂಡವಾಳವಾದವು. ಭಾರತದ ಮೊದಲ ಫಿಲಂ ತಂತ್ರಜ್ಞೆ ಎಂದು ಅವರನ್ನು ಕರೆದರೆ ಅದು ಗೌರವಕ್ಕೆ ಹೇಳಿದ ಮಾತಾಗುವುದಿಲ್ಲ.

ಹಣ ಕೊಡುವವರನ್ನು ನಂಬಿಸಲು ಫಾಲ್ಕೆ ಆರಿಸಿಕೊಂಡ ದಾರಿಯೂ ಛಾಯಾಗ್ರಾಹಕನದೇ. ಕುಂಡದಲ್ಲಿ ಬಟಾಣಿ ಬಿತ್ತಿ, ಅದರ ಮುಂದೆ ಕ್ಯಾಮರಾ ಅಲುಗಾಡದಂತೆ ನಿಲ್ಲಿಸಿ, ಒಂದು ತಿಂಗಳಿಗೂ ಹೆಚ್ಚು ಕಾಲ ಬಿಡಿಬಿಡಿಯಾಗಿ ಚೌಕಟ್ಟುಗಳನ್ನು ತೆಗೆದರು. ತೆರೆಯ ಮೇಲೆ ಓಡಿಸಿದಾಗ ಬೀಜ ಮೊಳೆತು, ಗಿಡವಾಗಿ, ಬಳ್ಳಿ ಹಬ್ಬುವುದು ಕಣ್ಣೆದುರೇ ನಡೆದುಹೋಯಿತು. ಇಂದು ಟೈಮ್-ಲ್ಯಾಪ್ಸ್ ಎನ್ನುವ ತಂತ್ರವನ್ನು ಈ ದೇಶದಲ್ಲಿ ಮೊದಲು ಬಳಸಿದ್ದು ಈ 'ಅಂಕುರಾಚಿ ವಾಢ'. ಇದನ್ನು ನೋಡಿದ ಮೇಲೆಯೇ ಯಶವಂತ ನಾಡಕರ್ಣಿ ಎಂಬ ಫೋಟೋ ಸಾಮಗ್ರಿ ವ್ಯಾಪಾರಿ ಸಾಲ ಕೊಡಲು ಒಪ್ಪಿದ್ದು.

'ರಾಜಾ ಹರಿಶ್ಚಂದ್ರ' ದಾದರ್‌ನ ಬಂಗಲೆಯ ಅಂಗಳದಲ್ಲೂ ಹತ್ತಿರದ ಹಳ್ಳಿಯಲ್ಲೂ ತಯಾರಾಯಿತು. ನಿರ್ದೇಶಕ, ಕಲಾ ನಿರ್ದೇಶಕ, ಪ್ರಯೋಗಾಲಯದ ಮುಖ್ಯಸ್ಥ ಎಲ್ಲ ಫಾಲ್ಕೆಯೇ ಆದ್ದರಿಂದ ಹಿಡಿ ತಿರುಗಿಸಲು ಇನ್ನೊಂದು ಕೈ ಬೇಕಾಯಿತು. ಆಗ ಅವರು ಕರೆಸಿಕೊಂಡದ್ದು ತಮ್ಮ ಹುಟ್ಟೂರಿನ ಗೆಳೆಯ ತ್ರ್ಯಂಬಕ ಬಿ. ತೇಲಂಗರನ್ನು. ಸ್ಥಿರಚಿತ್ರ ತೆಗೆದು ಗೊತ್ತಿದ್ದ ತೇಲಂಗರಿಗೆ ಸಿನಿಮಾ ಕ್ಯಾಮರಾ ಹೊಸದು. ಫಾಲ್ಕೆ ಕೂಡಿಸಿಕೊಂಡು ಕಲಿಸಿದರು. ಹೀಗಾಗಿ ಭಾರತದ ಮೊದಲ ಪೂರ್ಣಪ್ರಮಾಣದ ಕಥಾಚಿತ್ರದ ಕ್ಯಾಮರಾಮನ್ ಕೂಡ ತ್ರ್ಯಂಬಕದವರೇ. ಚರಿತ್ರೆ ತೇಲಂಗರ ಹೆಸರನ್ನು ಒಂದು ಸಾಲಿನಲ್ಲಿ ಮುಗಿಸುತ್ತದೆ, ಅದು ಅನ್ಯಾಯ.

ಡಿ.ಡಿ. ದಾಬ್ಕೆ ಹರಿಶ್ಚಂದ್ರ, ಫಾಲ್ಕೆಯವರ ಮಗ ಭಾಲಚಂದ್ರ ರೋಹಿತಾಶ್ವ. ತಾರಾಮತಿಯ ಪಾತ್ರಕ್ಕೆ ಹೆಂಗಸರು ಯಾರೂ ಒಪ್ಪದೆ, ಗ್ರಾಂಟ್ ರೋಡಿನ ಹೋಟೆಲಿನಲ್ಲಿ ಅಡುಗೆ ಕೆಲಸಕ್ಕಿದ್ದ ಅಣ್ಣಾ ಸಾಳುಂಕೆ ಸೀರೆ ಉಟ್ಟರು. ಸಿನಿಮಾದ ಕೆಲಸವೆಂದರೆ ಮರ್ಯಾದೆ ಹೋಗುತ್ತಿದ್ದ ಕಾಲ. 'ಹರಿಶ್ಚಂದ್ರನ ಕಾರ್ಖಾನೆ'ಯಲ್ಲಿ ಕೆಲಸ ಎಂದು ಹೇಳಿರೆಂದು ಫಾಲ್ಕೆ ನಟರಿಗೆ ಸೂಚಿಸಿದ್ದರು. 2009ರಲ್ಲಿ ಪರೇಶ್ ಮೋಕಾಶಿ ಇದೇ ಹೆಸರಿನಲ್ಲಿ ಫಾಲ್ಕೆ ಕುರಿತ ಮರಾಠಿ ಚಿತ್ರ ಮಾಡಿದರು. ಆರು ತಿಂಗಳು 27 ದಿನದ ದುಡಿಮೆಯ ನಂತರ 3,700 ಅಡಿಯ, ನಾಲ್ಕು ರೀಲಿನ ಚಿತ್ರ ಸಿದ್ಧವಾಯಿತು. 1913ರ ಏಪ್ರಿಲ್ 21ರಂದು ಒಲಿಂಪಿಯಾ ಥಿಯೇಟರಿನಲ್ಲಿ ಆಹ್ವಾನಿತರು ನೋಡಿದರು. ಮೇ 3ರಂದು ಗಿರಗಾಂವ್‌ನ ಕಾರೊನೇಶನ್ ಚಿತ್ರಮಂದಿರದಲ್ಲಿ ಬಿಡುಗಡೆಯಾಯಿತು.

ಮೊದಲ ಚಿತ್ರ ಯಾವುದು ಎಂಬ ವಾದ ಇನ್ನೂ ಮುಗಿದಿಲ್ಲ. ಹರಿಶ್ಚಂದ್ರ ಸಖಾರಾಮ ಭಾಟವಡೇಕರ್ 1899ರಲ್ಲೇ ಮುಂಬೈನ ಹ್ಯಾಂಗಿಂಗ್ ಗಾರ್ಡನ್ಸ್‌ನಲ್ಲಿ ಕುಸ್ತಿಯೊಂದನ್ನು ಚಿತ್ರಿಸಿದ್ದರು. ದಾದಾಸಾಹೇಬ್ ತೋರ್ಣೆಯವರ 'ಶ್ರೀ ಪುಂಡಲೀಕ' 1912ರ ಮೇ 18ರಂದೇ, ಅದೇ ಕಾರೊನೇಶನ್‌ನಲ್ಲಿ ತೆರೆ ಕಂಡಿತ್ತು. ಆದರೆ 'ಪುಂಡಲೀಕ' ರಂಗದ ನಾಟಕವನ್ನು ಹಾಗೇ ಚಿತ್ರಿಸಿದ್ದು. ಕ್ಯಾಮರಾ ಹಿಡಿದವನು ಜಾನ್ಸನ್ ಎಂಬ ಆಂಗ್ಲ, ನೆಗೆಟಿವ್ ತೊಳೆದದ್ದು ಲಂಡನ್ನಿನಲ್ಲಿ. ಕ್ಯಾಮರಾ ಹಿಡಿಯುವುದರಿಂದ ಪ್ರಿಂಟ್ ತೆಗೆಯುವ ತನಕ ಎಲ್ಲವೂ ಇಲ್ಲೇ, ಇಲ್ಲಿಯವರ ಕೈಯಲ್ಲೇ ಆದದ್ದು 'ಹರಿಶ್ಚಂದ್ರ'. ತೋರ್ಣೆಯವರ ಅಭಿಮಾನಿಗಳ ವಾದದಲ್ಲಿ ಹುರುಳಿಲ್ಲವೆಂದಲ್ಲ, ಆದರೆ ಕಸುಬಿನ ಕಡೆಯಿಂದ ನೋಡಿದರೆ ಫಾಲ್ಕೆಯ ಪಕ್ಷವೇ ಭಾರ.

ನಾಸಿಕ್‌ನ ವರ್ಷಗಳು

1913ರ ಅಕ್ಟೋಬರ್‌ನಲ್ಲಿ ಫಾಲ್ಕೆ ಸಂಸಾರ, ಕ್ಯಾಮರಾ, ಪ್ರಯೋಗಾಲಯ ಎಲ್ಲವನ್ನೂ ನಾಸಿಕ್‌ಗೆ ಸಾಗಿಸಿದರು. ಪುರಾಣದ ಚಿತ್ರ ತೆಗೆಯುವವನಿಗೆ ಇದಕ್ಕಿಂತ ಅನುಕೂಲದ ಊರು ಸಿಗುವುದು ಕಷ್ಟ. ರಾಮ, ಸೀತೆ, ಲಕ್ಷ್ಮಣರು ವನವಾಸದಲ್ಲಿ ಇದ್ದರೆಂದು ಜನ ನಂಬುವ ಪಂಚವಟಿ ಊರೊಳಗೇ ಇದೆ. ಗೋದಾವರಿಯ ಕಲ್ಲಿನ ಘಾಟುಗಳು, ಹಳೆಯ ದೇವಸ್ಥಾನಗಳು, ಸುತ್ತ ಸಹ್ಯಾದ್ರಿಯ ಬೋಳು ಬೆಟ್ಟಗಳು. ಸೆಟ್ಟಿಗೆ ದುಡ್ಡು ಸುರಿಯಬೇಕಿಲ್ಲ. ನಮ್ಮಲ್ಲಿ ವಿದ್ಯುದ್ದೀಪದಲ್ಲಿ ಚಿತ್ರೀಕರಣ ಆಗದ ಆ ಕಾಲದಲ್ಲಿ ಬಿಸಿಲೇ ದೀಪ, ಮಳೆಗಾಲ ಬಿಟ್ಟರೆ ನಾಸಿಕ್‌ನಲ್ಲಿ ಅದಕ್ಕೆ ಬರವಿರಲಿಲ್ಲ.

ಇಲ್ಲಿನ ಮೊದಲ ಚಿತ್ರ 'ಮೋಹಿನಿ ಭಸ್ಮಾಸುರ'. ಈ ಬಾರಿ ಹೆಣ್ಣಿನ ಪಾತ್ರಕ್ಕೆ ಹೆಣ್ಣೇ ಸಿಕ್ಕಳು: ಪಾರ್ವತಿಯಾಗಿ ದುರ್ಗಾಬಾಯಿ ಕಾಮತ್, ಮೋಹಿನಿಯಾಗಿ ಅವರ ಮಗಳು ಕಮಲಾಬಾಯಿ. ನಟ ವಿಕ್ರಮ್ ಗೋಖಲೆ ಈ ಕಮಲಾಬಾಯಿಯ ಮೊಮ್ಮಗ. ಆಮೇಲೆ 'ಸತ್ಯವಾನ್ ಸಾವಿತ್ರಿ'. 1914ರಲ್ಲಿ ಮೂರೂ ಚಿತ್ರಗಳ ಪ್ರಿಂಟ್ ಹೊತ್ತು ಫಾಲ್ಕೆ ಮತ್ತೆ ಲಂಡನ್ನಿಗೆ ಹೋದರು. ಅಲ್ಲಿನ ಪತ್ರಿಕೆಗಳು ತಾಂತ್ರಿಕ ಗುಣವನ್ನು ಮೆಚ್ಚಿದವು, ಹೆಪ್‌ವರ್ತ್ ಅವರಿಂದ ಅಲ್ಲೇ ಕೆಲಸ ಮಾಡುವ ಕರೆಯೂ ಬಂತು. ಅವರು ಒಪ್ಪಲಿಲ್ಲ. ಅಷ್ಟರಲ್ಲಿ ಮಹಾಯುದ್ಧ ಶುರುವಾಯಿತು.

ಯುದ್ಧದ ವರ್ಷಗಳಲ್ಲಿ ಕಚ್ಚಾ ಫಿಲಂ ಸಿಗುವುದೇ ದುಸ್ತರ, ಸಾಲ ಕೊಡುವವರು ಕೈಕಟ್ಟಿ ಕುಳಿತರು. ಫಾಲ್ಕೆ ಸುಮ್ಮನಿರದೆ ಚಿಕ್ಕ ಚಿಕ್ಕ ಚಿತ್ರ ತೆಗೆದರು: ಗೋದಾವರಿಯ ನೋಟಗಳು, ತಳೇಗಾಂವ್‌ನ ಗಾಜಿನ ಕಾರ್ಖಾನೆ, 'ಪ್ರೊಫೆಸರ್ ಕೆಲ್ಫಾ'ನ ಜಾದೂ, ನಾಣ್ಯಗಳು ತಾವಾಗಿ ಕುಣಿಯುವ ಒಂದು ಆಟ. ಕಥೆಯ ಹಂಗಿಲ್ಲದ ಈ ತುಣುಕುಗಳಲ್ಲಿ ಅವರೊಳಗಿನ ಕ್ಯಾಮರಾಮನ್ ಸ್ವಚ್ಛಂದವಾಗಿದ್ದ ಎನ್ನಿಸುತ್ತದೆ. 'ಚಿತ್ರ ಹೇಗೆ ತಯಾರಾಗುತ್ತದೆ' ಎಂದು ಜನರಿಗೆ ತೋರಿಸಲೆಂದೇ ಒಂದು ಕಿರುಚಿತ್ರ ಮಾಡಿದರು. ಅದರ ಉಳಿದ ತುಣುಕುಗಳಲ್ಲಿ ಫಾಲ್ಕೆ ನಟರಿಗೆ ಹೇಳಿಕೊಡುವುದು, ಫಿಲಂ ಪರೀಕ್ಷಿಸುವುದು, ಜೋಡಿಸುವುದು ಕಾಣುತ್ತದೆ. ಕಸುಬಿನ ಗುಟ್ಟನ್ನು ಬಚ್ಚಿಡುವ ಜಾದೂಗಾರರ ಪದ್ಧತಿಯನ್ನು ಅವರು ಇಲ್ಲಿ ಮುರಿದರು.

1917ರ 'ಲಂಕಾ ದಹನ' ಅವರನ್ನು ಸಾಲದಿಂದ ಎತ್ತಿತು. ಸಾಳುಂಕೆ ಇಲ್ಲಿ ರಾಮನೂ ಹೌದು, ಸೀತೆಯೂ ಹೌದು. ಭಾರತೀಯ ತೆರೆಯ ಮೊದಲ ದ್ವಿಪಾತ್ರ. ಹನುಮಂತ ಆಕಾಶಕ್ಕೆ ನೆಗೆಯುತ್ತ ಚಿಕ್ಕದಾಗುತ್ತ ಹೋಗುವುದು, ಲಂಕೆ ಉರಿಯುವುದು ಜನರನ್ನು ಹುಚ್ಚೆಬ್ಬಿಸಿತು. ರಾಮ ತೆರೆಗೆ ಬಂದಾಗ ಪ್ರೇಕ್ಷಕರು ಚಪ್ಪಲಿ ಕಳಚಿ ಕೈಮುಗಿಯುತ್ತಿದ್ದರು, ವಸೂಲಾದ ಚಿಲ್ಲರೆ ನಾಣ್ಯವನ್ನು ಎತ್ತಿನ ಗಾಡಿಯಲ್ಲಿ ಹೇರಿಕೊಂಡು ಹೋದರು ಎಂಬ ಮಾತುಗಳು ಆಗಿನಿಂದ ಈಗಿನವರೆಗೂ ಕೇಳಿಬರುತ್ತಿವೆ.

ಈ ಪವಾಡಗಳೆಲ್ಲ ಆಗುತ್ತಿದ್ದುದು ಕ್ಯಾಮರಾದ ಒಳಗೇ. ಈಗ ಕಂಪ್ಯೂಟರ್ ಮಾಡುವುದನ್ನು ಆಗ ಚಿತ್ರೀಕರಣದ ಹೊತ್ತಿನಲ್ಲೇ ಮುಗಿಸಬೇಕಿತ್ತು. ದೇವರು ಫಕ್ಕನೆ ಪ್ರತ್ಯಕ್ಷನಾಗಬೇಕಾದರೆ ಕ್ಯಾಮರಾ ನಿಲ್ಲಿಸಿ, ಉಳಿದ ನಟರೆಲ್ಲ ಇದ್ದ ಭಂಗಿಯಲ್ಲೇ ಕಲ್ಲಾಗಿ ನಿಂತಿರುವಾಗ ದೇವರ ವೇಷಧಾರಿಯನ್ನು ತಂದು ನಿಲ್ಲಿಸಿ ಮತ್ತೆ ಹಿಡಿ ತಿರುಗಿಸಬೇಕು. ಫ್ರಾನ್ಸಿನ ಜಾರ್ಜ್ ಮೆಲಿಯೆಸ್ ಪ್ರಸಿದ್ಧಗೊಳಿಸಿದ ತಂತ್ರ ಇದು, ಆತನೂ ಜಾದೂಗಾರನೇ. ಒಂದೇ ಚೌಕಟ್ಟಿನಲ್ಲಿ ಎರಡು ದೃಶ್ಯ ಬೇಕಾದರೆ ಮೊದಲನೆಯದನ್ನು ಚಿತ್ರಿಸುವಾಗ ಮಸೂರದ ಒಂದು ಭಾಗವನ್ನು ಕಪ್ಪು ರಟ್ಟಿನಿಂದ ಮುಚ್ಚಿ, ಫಿಲಂ ಹಿಂದಕ್ಕೆ ಸುತ್ತಿ, ಮುಚ್ಚಿದ ಭಾಗ ತೆರೆದು ಇನ್ನೊಮ್ಮೆ ಚಿತ್ರಿಸಬೇಕು. ಎಷ್ಟು ಸುತ್ತು ತಿರುಗಿಸಿದೆ ಎಂಬ ಎಣಿಕೆ ಒಂದು ತಪ್ಪಿದರೂ ಎರಡೂ ದೃಶ್ಯ ಹಾಳು. ಕಪ್ಪು ಪರದೆಯ ಮುಂದೆ ನಿಂತವನನ್ನು ಹೀಗೆ ಎರಡನೇ ಬಾರಿ ಚಿತ್ರಿಸಿದರೆ ಆತ ಗಾಳಿಯಲ್ಲಿ ತೇಲುತ್ತಾನೆ, ಪ್ರೇತದಂತೆ ಪಾರದರ್ಶಕನಾಗುತ್ತಾನೆ. ತಪ್ಪು ಗೊತ್ತಾಗುತ್ತಿದ್ದುದು ನೆಗೆಟಿವ್ ತೊಳೆದ ಮೇಲೆಯೇ. ಫಿಲಂ ದುಬಾರಿ, ಯುದ್ಧಕಾಲದಲ್ಲಿ ಚಿನ್ನದಷ್ಟು ದುಬಾರಿ. ಇಷ್ಟಾದರೂ ಫಾಲ್ಕೆ ತಂತ್ರವನ್ನು ತಂತ್ರಕ್ಕಾಗಿ ಬಳಸಿದ್ದು ಕಡಿಮೆ. ಮೆಲಿಯೆಸ್ ನೋಡುಗರನ್ನು ಬೆರಗುಗೊಳಿಸುತ್ತಿದ್ದ. ಫಾಲ್ಕೆಗೆ ಬೇಕಿದ್ದುದು ಬೆರಗಿನ ಜೊತೆ ಭಕ್ತಿ. ಪುರಾಣ ಕೇಳಿ ಬೆಳೆದ ಜನ ಕಣ್ಣುಮುಚ್ಚಿ ಕಲ್ಪಿಸಿಕೊಂಡಿದ್ದನ್ನು ಕಣ್ಣು ತೆರೆದು ನೋಡುವಂತೆ ಮಾಡುವುದು ಅವರ ಗುರಿಯಾಗಿತ್ತು.

1918ರ ಆರಂಭದಲ್ಲಿ ಮುಂಬೈನ ಬಟ್ಟೆ ವ್ಯಾಪಾರದ ಶ್ರೀಮಂತರು ಬಂಡವಾಳ ಹಾಕಿ 'ಹಿಂದೂಸ್ಥಾನ್ ಸಿನಿಮಾ ಫಿಲಂಸ್ ಕಂಪನಿ' ಹುಟ್ಟಿತು. ವಾಮನ ಶ್ರೀಧರ ಆಪ್ಟೆ ಮೊದಲಾದವರು ಪಾಲುದಾರರು, ಫಾಲ್ಕೆ ದುಡಿಯುವ ಪಾಲುದಾರ. ನಾಸಿಕ್‌ನ ಆವರಣದಲ್ಲಿ ನಟರು, ಬಡಗಿಗಳು, ದರ್ಜಿಗಳು, ಪ್ರಯೋಗಾಲಯದವರು ಸೇರಿ ನೂರರಷ್ಟು ಜನ ಅಲ್ಲೇ ಉಂಡು, ಅಲ್ಲೇ ಮಲಗಿ ಕೆಲಸ ಮಾಡುತ್ತಿದ್ದರು. ಅದೊಂದು ಅವಿಭಕ್ತ ಕುಟುಂಬದಂತೆ ನಡೆಯಿತು, ಯಜಮಾನನ ಮಾತೇ ಕೊನೆಯ ಮಾತು. ಸಾಳುಂಕೆಯ ಕಥೆ ಇಲ್ಲಿ ಹೊಸ ತಿರುವು ಪಡೆಯುತ್ತದೆ. ಹೋಟೆಲಿನ ಅಡುಗೆಯಿಂದ ತಾರಾಮತಿಯಾಗಿ, ಸೀತೆಯಾಗಿ ದೇಶಕ್ಕೆಲ್ಲ ಪರಿಚಿತನಾದ ಮನುಷ್ಯ 1920ರ ದಶಕದಲ್ಲಿ ಸೀರೆ ಬಿಚ್ಚಿಟ್ಟು ಕ್ಯಾಮರಾದ ಹಿಂದೆ ನಿಂತ. ಕಂಪನಿಯ ಹಲವಾರು ಚಿತ್ರಗಳ ಛಾಯಾಗ್ರಹಣ ಆತನದು. ಫಾಲ್ಕೆ ತೆರೆದಿದ್ದ ಆ ಅಂಗಳ ಶಾಲೆಯೂ ಆಗಿತ್ತೆಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ.

1918ರ 'ಶ್ರೀಕೃಷ್ಣ ಜನ್ಮ', 1919ರ 'ಕಾಲಿಯ ಮರ್ದನ' ಎರಡರಲ್ಲೂ ಬಾಲಕೃಷ್ಣನಾದವಳು ಫಾಲ್ಕೆಯವರ ಮಗಳು ಮಂದಾಕಿನಿ. 'ಕಾಲಿಯ ಮರ್ದನ'ದ ಆರಂಭ ಇಂದಿಗೂ ಬೆರಗು ಹುಟ್ಟಿಸುತ್ತದೆ. ಏಳು ವರ್ಷದ ಹುಡುಗಿಯ ಮುಖಭಾವಗಳ ಅಭ್ಯಾಸ ಎಂಬ ಬರಹ ಮೊದಲು ಬರುತ್ತದೆ. ಆಮೇಲೆ ಮಂದಾಕಿನಿಯ ಮುಖವೊಂದೇ ತೆರೆಯ ತುಂಬ: ನಗು, ಸಿಟ್ಟು, ತುಂಟತನ. ನೋಡುತ್ತಿದ್ದ ಹಾಗೇ ಆ ಹುಡುಗಿಯ ಮುಖ ಕರಗಿ ಕೃಷ್ಣನ ಮುಖವಾಗುತ್ತದೆ. ಇದು ನನ್ನ ಮಗಳು, ಇವಳೇ ಈಗ ನಿಮ್ಮ ದೇವರು ಎಂದು ಮೊದಲೇ ಹೇಳಿಬಿಡುವ ಧೈರ್ಯ ಆಗಿನ ಯಾವ ನಾಟಕಕಾರನಿಗೂ ಇರಲಿಲ್ಲ. ನೀರಿನೊಳಗೆ ಕೃಷ್ಣ ಮತ್ತು ಕಾಲಿಯನ ಕಾಳಗ, ಹೆಡೆಯ ಮೇಲಿನ ಕುಣಿತ ಎಲ್ಲ ನಾಸಿಕ್‌ನ ಆವರಣದಲ್ಲಿ ತಯಾರಾದವು.

ಖರ್ಚಿನ ವಿಷಯಕ್ಕೆ, ಯಜಮಾನಿಕೆಯ ವಿಷಯಕ್ಕೆ ಪಾಲುದಾರರೊಡನೆ ಮತ್ತೆ ಕೆಟ್ಟಿತು. ಫಾಲ್ಕೆ ಕಂಪನಿ ಬಿಟ್ಟು ಸಂಸಾರದೊಡನೆ ಕಾಶಿಗೆ ಹೋಗಿ, ಮರಾಠಿ ರಂಗಭೂಮಿಯನ್ನು ಗೇಲಿ ಮಾಡುವ 'ರಂಗಭೂಮಿ' ಎಂಬ ದೀರ್ಘ ನಾಟಕ ಬರೆದರು. ಅದು ಗೆಲ್ಲಲಿಲ್ಲ. ಕಂಪನಿಗೂ ಅವರಿಲ್ಲದೆ ಸೊರಗುವ ಸ್ಥಿತಿ ಬಂದು, 1922ರ ಹೊತ್ತಿಗೆ ಅವರು ನಾಸಿಕ್‌ಗೆ ಮರಳಿದರು. ಆಮೇಲೂ ಚಿತ್ರಗಳು ಬಂದವು, ಮೊದಲಿನ ಹೊಳಪು ಬರಲಿಲ್ಲ. ಇದಕ್ಕೆ ಪಾಲುದಾರರನ್ನಷ್ಟೇ ದೂರುವುದು ಸರಿಯಲ್ಲ. ಕೊಲ್ಹಾಪುರದಲ್ಲಿ ಬಾಬೂರಾವ್ ಪೇಂಟರ್, ಅವರ ಬಳಿ ಪಳಗಿದ ವಿ. ಶಾಂತಾರಾಂ ಮುಂತಾದವರು ಬೆಳಕನ್ನೂ ಕ್ಯಾಮರಾ ಕೋನವನ್ನೂ ಬೇರೆ ರೀತಿಯಲ್ಲಿ ಬಳಸಲು ಶುರು ಮಾಡಿದ್ದರು. ಫಾಲ್ಕೆಯ ಕ್ಯಾಮರಾ ಬಹುಪಾಲು ಪ್ರೇಕ್ಷಕನ ಕುರ್ಚಿಯಲ್ಲೇ ಕೂತು ನೇರವಾಗಿ ನೋಡುತ್ತಿತ್ತು. ದೇವರ ಎದುರು ನಿಂತ ಭಕ್ತನ ನೋಟ ಅದು. ಪುರಾಣಕ್ಕೆ ಒಗ್ಗಿದ ಆ ನೋಟ ಸಾಮಾಜಿಕ ಕಥೆಗೆ ಒಗ್ಗಲಿಲ್ಲ.

1931ರಲ್ಲಿ ಭಾರತದ ಮೊದಲ ಟಾಕಿ 'ಆಲಂ ಆರಾ' ಮಾತಾಡಿತು. ಫಾಲ್ಕೆಯ ಕೊನೆಯ ಮೂಕಿ 'ಸೇತುಬಂಧನ' ಮರುವರ್ಷ ಸಿದ್ಧವಾಗುವಾಗ ಮೂಕಿಯ ಮಾರುಕಟ್ಟೆಯೇ ಮುಚ್ಚುತ್ತಿತ್ತು. ಆಮೇಲೆ ಅದಕ್ಕೆ ಧ್ವನಿ ಸೇರಿಸಬೇಕಾಯಿತು. ಚಿತ್ರೋದ್ಯಮ ಕೊಲ್ಹಾಪುರ, ಪುಣೆ, ಮುಂಬೈಗಳಿಗೆ ಸರಿಯಿತು. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನ' 1934ರಲ್ಲಿ ತಯಾರಾದದ್ದೂ ಕೊಲ್ಹಾಪುರದ ಛತ್ರಪತಿ ಸಿನೆಟೋನ್‌ನಲ್ಲಿ. ಅದೇ ಊರಿನ ಕೊಲ್ಹಾಪುರ ಸಿನೆಟೋನ್ ಕರೆದಾಗ, 67ರ ವಯಸ್ಸಿನಲ್ಲಿ ಫಾಲ್ಕೆ ತಮ್ಮ ಒಂದೇ ಒಂದು ಟಾಕಿ 'ಗಂಗಾವತರಣ'ವನ್ನು 1937ರಲ್ಲಿ ಮುಗಿಸಿಕೊಟ್ಟರು. ಗಂಗೆ ಶಿವನ ಜಟೆಗೆ ಇಳಿಯುವ ತಂತ್ರದೃಶ್ಯಗಳು ಅದರಲ್ಲಿದ್ದವು. ಅದೇ ಅವರ ಕೊನೆಯ ಚಿತ್ರ. ಸುಮಾರು ಎರಡೂವರೆ ದಶಕದಲ್ಲಿ 95 ದೊಡ್ಡ ಚಿತ್ರ, 26 ಕಿರುಚಿತ್ರ ಅವರ ಲೆಕ್ಕಕ್ಕೆ ಸೇರುತ್ತವೆ ಎಂಬುದು ಸಾಮಾನ್ಯವಾಗಿ ಒಪ್ಪಿರುವ ಎಣಿಕೆ.

ಕೊನೆಯ ವರ್ಷಗಳು ನಾಸಿಕ್‌ನಲ್ಲಿ ಬಡತನದಲ್ಲೇ ಕಳೆದವು. ಚಿತ್ರೋದ್ಯಮ ತನ್ನ ರಜತೋತ್ಸವ ಮಾಡಿದಾಗ ಶಾಂತಾರಾಂ ಮೊದಲಾದವರು ನಿಧಿ ಕೂಡಿಸಿ ಕೊಟ್ಟರು. ಆ ಹಣದಿಂದ ಊರಲ್ಲೊಂದು ಮನೆಯಾಯಿತು. ಎರಡನೆಯ ಮಹಾಯುದ್ಧದ ಕಾಲಕ್ಕೆ ಚಿತ್ರ ತೆಗೆಯಲು ಸರ್ಕಾರದ ಪರವಾನಗಿ ಬೇಕಿತ್ತು. ಎಪ್ಪತ್ತು ದಾಟಿದ ಫಾಲ್ಕೆ ಅದಕ್ಕೂ ಅರ್ಜಿ ಹಾಕಿದ್ದರು, ಅದು ತಿರಸ್ಕೃತವಾಯಿತು. 1944ರ ಫೆಬ್ರವರಿ 16ರಂದು ಅವರು ತೀರಿಕೊಂಡರು.

ಅವರ ಹೆಸರಿನ ಪ್ರಶಸ್ತಿ ಶುರುವಾದದ್ದು 1969ರಲ್ಲಿ. ಮೊದಲು ಪಡೆದವರು ನಟಿ ದೇವಿಕಾ ರಾಣಿ. ಛಾಯಾಗ್ರಾಹಕನೊಬ್ಬನಿಗೆ ಆ ಗೌರವ ಸಿಗಲು ನಾಲ್ಕು ದಶಕ ಹಿಡಿಯಿತು. ಸಿಕ್ಕಿದ್ದು ಮೈಸೂರಿನಲ್ಲಿ ಹುಟ್ಟಿ, ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತ ವಿ.ಕೆ. ಮೂರ್ತಿಯವರಿಗೆ, 2008ರ ಸಾಲಿಗೆ. ಗುರುದತ್ತರ 'ಪ್ಯಾಸಾ', ಭಾರತದ ಮೊದಲ ಸಿನೆಮಾಸ್ಕೋಪ್ ಚಿತ್ರ 'ಕಾಗಜ್ ಕೆ ಫೂಲ್', 'ಸಾಹಿಬ್ ಬೀಬಿ ಔರ್ ಗುಲಾಮ್' ಇವುಗಳ ಬೆಳಕು-ನೆರಳು ಅವರದು. ಪ್ರಶಸ್ತಿ ಹೊತ್ತ ಹೆಸರಿನವರೇ ಮೊದಲು ಛಾಯಾಗ್ರಾಹಕರಾಗಿದ್ದರು ಎಂಬುದನ್ನು ನೆನೆದರೆ ಈ ವಿಳಂಬ ವಿಚಿತ್ರವಾಗಿ ಕಾಣುತ್ತದೆ. ಮುಂಬೈನ ಫಿಲಂ ಸಿಟಿ ಈಗ 'ದಾದಾಸಾಹೇಬ್ ಫಾಲ್ಕೆ ಚಿತ್ರನಗರಿ'. ನಾಸಿಕ್‌ನಲ್ಲಿ ಪಾಂಡವಲೇಣಿ ಗುಹೆಗಳ ಬೆಟ್ಟದ ಬುಡದಲ್ಲಿ ಫಾಲ್ಕೆ ಸ್ಮಾರಕ ಉದ್ಯಾನವಿದೆ.

ಚಿತ್ರಗಳಲ್ಲಿ ಉಳಿದದ್ದು ಬಹಳ ಕಡಿಮೆ. ಆಗಿನ ನೈಟ್ರೇಟ್ ಫಿಲಂ ಬೇಗ ಬೆಂಕಿ ಹಿಡಿಯುತ್ತದೆ. ಹಿಡಿಯದಿದ್ದರೆ ತಾನಾಗಿ ಅಂಟಾಗಿ ಪುಡಿಯಾಗುತ್ತದೆ. ಓಡಿ ಸವೆದ ಪ್ರಿಂಟುಗಳನ್ನು ಜೋಪಾನ ಮಾಡಬೇಕೆಂಬ ಕಲ್ಪನೆಯೂ ಯಾರಿಗೂ ಇರಲಿಲ್ಲ. 1964ರಲ್ಲಿ ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಆದ ಮೇಲೆ ಪಿ.ಕೆ. ನಾಯರ್ ಫಾಲ್ಕೆ ಕುಟುಂಬದ ಬಳಿ ಉಳಿದಿದ್ದ ತುಣುಕುಗಳನ್ನು ಹುಡುಕಿ ತಂದರು. 'ಕಾಲಿಯ ಮರ್ದನ' ಬಹುಪಾಲು ಸಿಕ್ಕಿದೆ. 'ಶ್ರೀಕೃಷ್ಣ ಜನ್ಮ', 'ಲಂಕಾ ದಹನ'ಗಳ ಕೆಲವು ಭಾಗಗಳಿವೆ. 'ರಾಜಾ ಹರಿಶ್ಚಂದ್ರ'ದ ಮೊದಲ ಮತ್ತು ಕೊನೆಯ ರೀಲುಗಳು ಸಂಗ್ರಹಾಲಯದಲ್ಲಿವೆ. ಅವು 1913ರವೋ ಅಥವಾ ಪ್ರಿಂಟು ಸವೆದದ್ದರಿಂದ 1917ರಲ್ಲಿ ಫಾಲ್ಕೆ ಮತ್ತೊಮ್ಮೆ ಚಿತ್ರಿಸಿದ ಪ್ರತಿಯೋ ಎಂಬ ಬಗ್ಗೆ ವಿದ್ವಾಂಸರಲ್ಲಿ ಒಮ್ಮತವಿಲ್ಲ.